ಬಾವಿಯ ತಳದಿಂದ ಮೇಲಕ್ಕೆ: ಕಲ್ಪಿತ ಲೋಕಕ್ಕೊಂದು ಗೂಢ ಪಂಥ ಕಟ್ಟುವ ಬಗೆ

ಫ್ಯಾಂಟಸಿ ಬರೆಯಲು ಹೊರಟವರ ಟಿಪ್ಪಣಿ ಪುಸ್ತಕದಲ್ಲಿ ‘ಗೂಢ ಪಂಥ’ ಎಂಬ ತಲೆಬರಹದ ಕೆಳಗೆ ಮೊದಲು ಸೇರುವುದು ನಿಲುವಂಗಿಯ ಬಣ್ಣ, ಆಮೇಲೆ ಲಾಂಛನ, ಆಮೇಲೆ ಗಂಭೀರವಾಗಿ ಕೇಳಿಸುವ ಒಂದು ಹೆಸರು. ನಾನೂ ಬಹಳ ಕಾಲ ಹೀಗೆಯೇ ಮಾಡುತ್ತಿದ್ದೆ. ಹಾಗೆ ಹುಟ್ಟಿದ ಪಂಥಗಳು ಮೊದಲ ಅಧ್ಯಾಯದಲ್ಲಿ ಚೆನ್ನಾಗಿಯೇ ಕಾಣುತ್ತಿದ್ದವು. ಐದನೆಯ ಅಧ್ಯಾಯಕ್ಕೆ ಬರುವಷ್ಟರಲ್ಲಿ ಅವುಗಳಿಗೆ ಮಾಡಲು ಕೆಲಸವೇ ಇರುತ್ತಿರಲಿಲ್ಲ. ಕತ್ತಲಲ್ಲಿ ನಿಂತು ಮಂತ್ರ ಹೇಳುವುದು, ನಾಯಕನನ್ನು ಅಡ್ಡಗಟ್ಟುವುದು, ಮಾಯವಾಗುವುದು, ಅಷ್ಟೇ.

ಈಗ ನಾನು ನಂಬುವ ಕ್ರಮ ಬೇರೆ. ಜನ ಯಾವುದಕ್ಕೋ ಹೆದರುತ್ತಾರೆ. ಹೆದರಿಕೆಯ ಎದುರು ಕೈಕಟ್ಟಿ ಕೂರಲಾರದೆ ಏನನ್ನೋ ಮಾಡತೊಡಗುತ್ತಾರೆ. ಮಾಡಿದ್ದನ್ನೇ ಮಾಡುತ್ತಾ ತಲೆಮಾರುಗಳು ಕಳೆದಾಗ ಆ ಕೆಲಸವೇ ಆಚರಣೆಯಾಗುತ್ತದೆ, ಅದನ್ನು ಮಾಡುವವರು ಪಂಥವಾಗುತ್ತಾರೆ. ದೇವರು, ತತ್ವ, ಉಡುಪು ಎಲ್ಲವೂ ಆ ಕೆಲಸಕ್ಕೆ ಆಮೇಲೆ ಅಂಟಿಕೊಂಡವು. ಬರೆಯುವವರೂ ಇದೇ ಕ್ರಮದಲ್ಲಿ ಹೋದರೆ ಪಂಥಕ್ಕೆ ಜೀವ ಬರುತ್ತದೆ. ಇಲ್ಲಿ ಒಂದೇ ಪಂಥವನ್ನು ಬುಡದಿಂದ ಕಟ್ಟುತ್ತಾ ಒಂದೊಂದೇ ಹೆಜ್ಜೆಯನ್ನು ತೋರಿಸುತ್ತೇನೆ.

ಮೊದಲ ಹೆಜ್ಜೆ: ಆರದ ಗಾಯವನ್ನು ಹುಡುಕಿ

ನಮ್ಮ ಕಲ್ಪಿತ ನಾಡಿಗೆ ಒಣಹೊಳೆ ಎಂದು ಹೆಸರಿಡೋಣ. 320 ವರ್ಷಗಳ ಹಿಂದೆ ಅಲ್ಲಿನ ಹೊಳೆ ಒಂದೇ ಬೇಸಿಗೆಯಲ್ಲಿ ನೆಲದೊಳಗೆ ಇಂಗಿಹೋಯಿತು. ಉಳಿದದ್ದು ಒಂದು ಬಾವಿ. ಅದರ ನೀರು ಕೂಡ ವರ್ಷಕ್ಕೊಂದು ಗೇಣಿನಂತೆ ಕೆಳಗಿಳಿಯುತ್ತಿದೆ. ಭಯ ಸಿಕ್ಕಿತು: ಒಂದು ದಿನ ಹಗ್ಗ ನೀರನ್ನು ಮುಟ್ಟುವುದಿಲ್ಲ.

ಆದರೆ ಭಯವೊಂದೇ ಸಾಲದು. ಬರಗಾಲಕ್ಕೆ ಎಲ್ಲ ಊರೂ ಹೆದರುತ್ತದೆ, ಎಲ್ಲ ಊರಲ್ಲೂ ಪಂಥ ಹುಟ್ಟುವುದಿಲ್ಲ. ಭಯದ ಪಕ್ಕದಲ್ಲಿ ಒಂದು ಘಟನೆ ಬೇಕು. ಒಂದು ದಿನ, ಒಂದು ಜಾಗ, ಒಬ್ಬ ಮನುಷ್ಯ. ಒಣಹೊಳೆಯಲ್ಲಿ ಕೊಡ ಮೊದಲ ಬಾರಿಗೆ ನೀರು ಮುಟ್ಟದೆ ಬರಿದಾಗಿ ಮೇಲೆ ಬಂದ ದಿನ, ಹಗುರ ಮೈಯ ಒಬ್ಬ ಹುಡುಗಿಯನ್ನು ಹಗ್ಗದ ತುದಿಗೆ ಕಟ್ಟಿ ಇಳಿಸಿದರು. ಬೊಗಸೆಯಿಂದ ಕೊಡ ತುಂಬಿಸುವುದು ಅವಳ ಕೆಲಸ. ಕೊಡ ಮೇಲೆ ಬಂತು. ಹುಡುಗಿ ಬರಲಿಲ್ಲ. ಹಗ್ಗ ಹರಿಯಿತು ಎಂದು ಊರು ಹೇಳುತ್ತದೆ. ಅವಳ ಹೆಸರು ಈಗ ಯಾರಿಗೂ ಗೊತ್ತಿಲ್ಲ.

ಈ ಘಟನೆಯನ್ನು ಟಿಪ್ಪಣಿ ಪುಸ್ತಕದ ಮೊದಲ ಪುಟದಲ್ಲಿ ಎರಡು ಸಲ ಬರೆಯಿರಿ: ಊರು ಹೇಳುವ ಹಾಗೆ ಒಮ್ಮೆ, ನಡೆದ ಹಾಗೆ ಒಮ್ಮೆ. ಎರಡರ ನಡುವೆ ಅಂತರವಿದ್ದರೆ ನಿಮ್ಮ ಪಂಥಕ್ಕೆ ಗುಟ್ಟು ಸಿಕ್ಕಿತೆಂದು ಅರ್ಥ. ಅದನ್ನು ಸದ್ಯಕ್ಕೆ ಮುಚ್ಚಿಡಿ.

ಎರಡನೆಯ ಹೆಜ್ಜೆ: ಕೈಗೆ ಕೆಲಸ ಕೊಡಿ

ಅತಿ ಹೆಚ್ಚು ಸಮಯ ಕೊಡಬೇಕಾದ ಹೆಜ್ಜೆ ಇದು. ನಿಮ್ಮ ಪಂಥದವರ ಕೈ ಇಡೀ ದಿನ ಏನು ಮಾಡುತ್ತಿರುತ್ತದೆ? ಬೆಂಕಿ ಕಾಯುತ್ತದೆಯೇ, ಕಲ್ಲು ಉಜ್ಜುತ್ತದೆಯೇ, ಹೆಣ ತೊಳೆಯುತ್ತದೆಯೇ? ಧ್ಯಾನ, ಜಪ ಎಂದು ಬರೆದು ಮುಗಿಸಬೇಡಿ. ಅವು ಇರಲಿ, ಕೆಲಸದ ಜೊತೆಗೆ ಇರಲಿ.

ನಮ್ಮವರು ಹಗ್ಗ ಹೊಸೆಯುತ್ತಾರೆ. ಬಾವಿ ವರ್ಷಕ್ಕೊಂದು ಗೇಣು ಆಳವಾಗುವುದಾದರೆ ಹಗ್ಗವೂ ವರ್ಷಕ್ಕೊಂದು ಗೇಣು ಬೆಳೆಯಬೇಕು. ನಾರಿನೊಂದಿಗೆ ತಮ್ಮ ತಲೆಗೂದಲನ್ನೂ ಸೇರಿಸಿ ಹೊಸೆಯುತ್ತಾರೆ. ಇದು ಅತಿಯಾಯಿತು ಎನಿಸಿದರೆ ನಿಜ ಜಗತ್ತನ್ನು ನೋಡಿ. ಜಪಾನಿನ ಕ್ಯೋಟೋದ ಹಿಗಾಶಿ ಹೊಂಗಾನ್‌ಜಿ ದೇಗುಲವನ್ನು ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಮರಳಿ ಕಟ್ಟುವಾಗ ಭಾರಿ ತೊಲೆಗಳನ್ನು ಎಳೆಯಲು ಭಕ್ತೆಯರು ಕೊಟ್ಟ ಕೂದಲನ್ನು ಬೆರೆಸಿ ಹಗ್ಗ ಮಾಡಿದ್ದರು. ಕಟ್ಟಡ 1895ರಲ್ಲಿ ಮುಗಿಯಿತು, ಅಂಥ ಹಗ್ಗವೊಂದು ಅಲ್ಲಿ ಇಂದಿಗೂ ಪ್ರದರ್ಶನದಲ್ಲಿದೆ. ಪೆರುವಿನ ಅಪುರಿಮಾಕ್ ನದಿಯ ಮೇಲಿನ ಕೆಸ್ವಾಚಾಕಾ ತೂಗುಸೇತುವೆ ಪೂರ್ತಿ ಹುಲ್ಲಿನ ಹಗ್ಗದ್ದು. ಸುತ್ತಲಿನ ಸಮುದಾಯಗಳು ಪ್ರತಿವರ್ಷ ಜೂನ್‌ನಲ್ಲಿ ಹಳೆಯದನ್ನು ಕಳಚಿ ಹೊಸದನ್ನು ಕಟ್ಟುತ್ತವೆ. ಅಲ್ಲಿ ದುರಸ್ತಿಯೇ ಹಬ್ಬ. ಜಪಾನಿನ ಇಸೆ ದೇಗುಲವನ್ನು 20 ವರ್ಷಕ್ಕೊಮ್ಮೆ ಹೊಸದಾಗಿ ಕಟ್ಟುತ್ತಾರೆ. 2013ರಲ್ಲಿ ನಡೆದದ್ದು 62ನೆಯ ಬಾರಿ. ಮರ ಹಳೆಯದಲ್ಲ, ಮರ ಕೆತ್ತುವ ಕೈಯ ಬಲ್ಮೆ ಹಳೆಯದು.

ಕೆಲಸವನ್ನು ಆರಿಸಿದ ಮೇಲೆ ಅದನ್ನು ಸರಿಯಾಗಿ ಕಲಿಯಿರಿ. ಆಗುವುದಾದರೆ ಕೈಯಾರೆ ಮಾಡಿ ನೋಡಿ. ನಾನು ನಾರು ನೆನೆಸಿ ತೊಡೆಯ ಮೇಲೆ ಹೊಸೆದು ನೋಡಿದೆ. ಅಂಗೈಯಿಂದ ಮುಂದಕ್ಕೆ ಉಜ್ಜಿದಾಗ ಎಳೆ ಒಂದು ದಿಕ್ಕಿಗೆ ತಿರುಚಿಕೊಳ್ಳುತ್ತದೆ. ಕೈ ಬಿಟ್ಟ ಕ್ಷಣ ಬಿಚ್ಚಿಕೊಳ್ಳುತ್ತದೆ. ಅಂಥ ಎರಡು ಎಳೆಗಳನ್ನು ಒಟ್ಟಿಗೆ ಹಿಡಿದು ಎದುರು ದಿಕ್ಕಿಗೆ ತಿರುಚಿದಾಗ ಮಾತ್ರ ನಿಲ್ಲುತ್ತದೆ. ಒಂದೊಂದು ಎಳೆಯೂ ಬಿಚ್ಚಿಕೊಳ್ಳಲು ಹೆಣಗುತ್ತದೆ, ಆ ಹೆಣಗಾಟವೇ ಇನ್ನೊಂದನ್ನು ಬಿಗಿಯುತ್ತದೆ. ಹಗ್ಗದ ಬಲವೆಲ್ಲ ಈ ಜಗಳದಲ್ಲಿದೆ.

ಪಂಥದ ತತ್ವ ನನಗೆ ಸಿಕ್ಕಿದ್ದು ಅಲ್ಲೇ, ತೊಡೆ ಕೆಂಪಾಗಿ ಉರಿಯುತ್ತಿರುವಾಗ. ಇವರ ಸಭೆಯಲ್ಲಿ ಯಾವ ನಿರ್ಣಯವೂ ಎಲ್ಲರ ಒಪ್ಪಿಗೆಯಿಂದ ಆಗುವುದಿಲ್ಲ. ಪ್ರತಿ ಮಾತಿಗೂ ವಿರುದ್ಧ ಮಾತಾಡಲು ಒಬ್ಬರನ್ನು ನೇಮಿಸುತ್ತಾರೆ. ಅವರಿಗೆ ‘ಎದುರುಹುರಿ’ ಎಂದು ಹೆಸರು. ಎದುರುಹುರಿ ಸುಮ್ಮನಿದ್ದ ದಿನ ನಿರ್ಣಯ ಮಾಡದೆ ಸಭೆಯನ್ನು ಇನ್ನೊಂದು ದಿನಕ್ಕೆ ಮುಂದೂಡುತ್ತಾರೆ. ಕೆಲಸದಿಂದ ಹುಟ್ಟಿದ ತತ್ವಕ್ಕೆ ಈ ಗುಣವಿರುತ್ತದೆ: ಅದನ್ನು ಪಾತ್ರಗಳು ವಿವರಿಸಬೇಕಾಗಿಲ್ಲ, ಅವರು ಹಾಗೆ ಬದುಕುತ್ತಾರೆ.

ಮೂರನೆಯ ಹೆಜ್ಜೆ: ಲೆಕ್ಕ ಹಾಕಿ

ಮಾಂತ್ರಿಕ ಲೋಕಕ್ಕೆ ಲೆಕ್ಕ ಯಾಕೆ ಎಂದು ಹಲವರು ಕೇಳುತ್ತಾರೆ. ಲೆಕ್ಕದಿಂದಲೇ ಅತ್ಯುತ್ತಮ ವಿವರಗಳು ಸಿಗುತ್ತವೆ, ಅದಕ್ಕೆ.

ಒಂದು ಮಾರು ಎಂದರೆ ನಾಲ್ಕು ಮೊಳ, ಎಂಟು ಗೇಣು. ವರ್ಷಕ್ಕೊಂದು ಗೇಣಿನಂತೆ 320 ವರ್ಷಕ್ಕೆ 320 ಗೇಣು, ಅಂದರೆ 40 ಮಾರು. ಆರಂಭದಲ್ಲಿ ಬಾವಿ 20 ಮಾರು ಇತ್ತೆಂದರೆ ಈಗ 60 ಮಾರು, ಸುಮಾರು 110 ಮೀಟರ್. ಮೂರು ಸೆಂಟಿಮೀಟರ್ ದಪ್ಪದ ನಾರಿನ ಹಗ್ಗ ಅಷ್ಟು ಉದ್ದವಿದ್ದರೆ ಹಗ್ಗದ ಭಾರವೇ ಒಬ್ಬ ವಯಸ್ಕನಷ್ಟಾಗುತ್ತದೆ. ಒಬ್ಬರನ್ನು ಕೆಳಗಿಳಿಸುವಾಗ ಮೊದಲಿಗೆ ಅವರ ಮೈಭಾರ ಮಾತ್ರ ತೂಗುತ್ತದೆ. ಇಳಿಯುತ್ತಾ ಹೋದಂತೆ ಬಾವಿಯೊಳಗೆ ತೂಗುವ ಹಗ್ಗ ಹೆಚ್ಚಾಗಿ, ತಳ ಮುಟ್ಟುವಷ್ಟರಲ್ಲಿ ರಾಟೆ ಹಿಡಿದವರ ಪಾಲಿಗೆ ಭಾರ ಎರಡು ಪಟ್ಟಾಗಿರುತ್ತದೆ. ಆಳಕ್ಕೆ ಇಳಿದವರ ತೂಕ ಮೇಲಿದ್ದವರ ತೋಳಿಗೆ ಗೊತ್ತು ಎಂಬುದು ಇವರಲ್ಲಿ ಗಾದೆ. ರಾಟೆಗೆ ಹನ್ನೆರಡು ಜನ ಬೇಕು. ಸರದಿ, ಕಾಯಿಲೆ, ವಯಸ್ಸು ಸೇರಿಸಿದರೆ ಪಂಥದಲ್ಲಿ ಕನಿಷ್ಠ ಐವತ್ತು ಜನರಿರಬೇಕು. ಸದಸ್ಯರ ಸಂಖ್ಯೆಯನ್ನು ನಾನು ಊಹಿಸಲಿಲ್ಲ, ಬಾವಿಯೇ ಹೇಳಿತು.

ಇನ್ನೊಂದು ಲೆಕ್ಕ. ಬಾವಿಯ ಬಾಯಲ್ಲಿ ಕೂಗಿದರೆ ದನಿ 110 ಮೀಟರ್ ಇಳಿದು ಮರಳಬೇಕು. ಗಾಳಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. ಮಾರುದನಿಗೆ ಒಂದು ಸೆಕೆಂಡಿನ ಮೂರನೇ ಎರಡು ಭಾಗದಷ್ಟು ಹೊತ್ತು ಬೇಕು. 320 ವರ್ಷಗಳ ಹಿಂದೆ ಅದರ ಮೂರನೇ ಒಂದು ಪಾಲು ಸಾಕಾಗುತ್ತಿತ್ತು, ಕೂಗು ಬಾಯಿ ಬಿಟ್ಟ ಕೂಡಲೇ ತಿರುಗಿ ಬರುತ್ತಿತ್ತು. ‘ಬಾವಿ ಈಗ ಯೋಚಿಸಿ ಉತ್ತರ ಕೊಡುತ್ತದೆ’ ಎಂದು ಪಂಥದ ಹಿರಿಯರು ಹೇಳುವ ಮಾತು ಈ ಗಣಿತದಿಂದ ಹುಟ್ಟಿತು.

ನಾಲ್ಕನೆಯ ಹೆಜ್ಜೆ: ಹೆಸರು, ನುಡಿ, ನುಡಿಯಬಾರದ ಪದ

ಭಾರವಾದ ನಾಲ್ಕು ಸಂಸ್ಕೃತ ಪದಗಳನ್ನು ಸಮಾಸ ಮಾಡಿ ಪಂಥಕ್ಕೆ ಹೆಸರಿಡುವ ಚಟ ನಮ್ಮಲ್ಲಿದೆ. ಅಂಥ ಹೆಸರನ್ನು ಅಡುಗೆಮನೆಯಲ್ಲಿ ನಿಂತು ಯಾರಾದರೂ ಹೇಳಬಲ್ಲರೇ ಎಂದು ಕೇಳಿಕೊಳ್ಳಿ. ಒಳಗಿನವರು ತಮ್ಮನ್ನು ಕರೆದುಕೊಳ್ಳುವ ಹೆಸರು ಒಂದು, ಊರಿನವರು ಕರೆಯುವ ಹೆಸರು ಇನ್ನೊಂದು, ಇದು ಸಹಜ.

ಊರಿನವರು ಇವರನ್ನು ಹಗ್ಗದವರು ಎನ್ನುತ್ತಾರೆ. ಅವರು ತಮ್ಮನ್ನು ಎಳೆಯವರು ಎಂದುಕೊಳ್ಳುತ್ತಾರೆ. ಕನ್ನಡದ ‘ಎಳೆ’ಯಲ್ಲಿ ದಾರದ ಎಳೆಯೂ ಇದೆ, ಸೇದಿ ಎಳೆಯುವುದೂ ಇದೆ, ಎಳೆಯ ವಯಸ್ಸೂ ಇದೆ. ಎಪ್ಪತ್ತು ದಾಟಿದ ಮುದುಕಿ ‘ನಾನು ಎಳೆಯವಳು’ ಎಂದಾಗ ಹೊರಗಿನವರಿಗೆ ವಿಚಿತ್ರವಾಗಿ ಕೇಳಿಸುತ್ತದೆ. ಬಾವಿಯಲ್ಲಿ ಉಳಿದ ಹುಡುಗಿಯ ವಯಸ್ಸನ್ನು ಅವಳು ಹೊತ್ತಿದ್ದಾಳೆ ಎಂದು ಓದುಗನಿಗೆ ಹೊಳೆಯುವುದು ನೂರು ಪುಟಗಳ ನಂತರ.

ಮಂತ್ರವೂ ಇದೇ ದಾರಿಯಲ್ಲಿ ಬಂತು. ಹೊಳೆಯೂ ಹರಿಯುತ್ತದೆ, ಹಗ್ಗವೂ ಹರಿಯುತ್ತದೆ. ಒಂದೇ ಕ್ರಿಯಾಪದ, ಒಂದು ವರ, ಒಂದು ಶಾಪ. ‘ಹೊಳೆ ಹರಿಯಲಿ, ಎಳೆ ಹರಿಯದಿರಲಿ.’ ಇಷ್ಟೇ ಅವರ ಪ್ರಾರ್ಥನೆ. ರಾಟೆಯ ಬಳಿ ನಿಂತಾಗ ‘ಹರಿ’ ಎಂಬ ಪದ ಒಂಟಿಯಾಗಿ ಯಾರ ಬಾಯಲ್ಲೂ ಬರಬಾರದು. ನೀರು ‘ಬಂತು’ ಎನ್ನಬೇಕು, ಬಟ್ಟೆ ‘ಬಿಟ್ಟಿತು’ ಎನ್ನಬೇಕು. ಹೊಸಬರು ನಾಲಿಗೆ ತಪ್ಪಿ ಹೇಳಿದಾಗ ಇಡೀ ಸಾಲು ಹಗ್ಗವನ್ನು ಇನ್ನೊಂದು ಪಟ್ಟು ಬಿಗಿಯಾಗಿ ಹಿಡಿಯುತ್ತದೆ. ನಿಮ್ಮ ಪಂಥಕ್ಕೂ ನುಡಿಯಬಾರದ ಪದವೊಂದನ್ನು ಕೊಡಿ. ಮಂತ್ರಕ್ಕಿಂತ ಅದು ಹೆಚ್ಚು ಕೆಲಸ ಮಾಡುತ್ತದೆ.

ಐದನೆಯ ಹೆಜ್ಜೆ: ಮೆಟ್ಟಿಲುಗಳು

ರೋಮನ್ ಸಾಮ್ರಾಜ್ಯದ ಮಿತ್ರಾಸ್ ಎಂಬ ದೇವರ ಆರಾಧಕರಲ್ಲಿ ಏಳು ಮೆಟ್ಟಿಲುಗಳಿದ್ದವು: ಕಾಗೆಯಿಂದ ಆರಂಭಿಸಿ ಮದುಮಗ, ಸೈನಿಕ, ಸಿಂಹ, ಪರ್ಷಿಯನ್, ಸೂರ್ಯನ ಓಟಗಾರ, ಕೊನೆಗೆ ತಂದೆ. ಓಸ್ಟಿಯಾ ಪಟ್ಟಣದ ಅವರ ಗುಡಿಯೊಂದರ ನೆಲದಲ್ಲಿ ಈ ಏಳರ ಗುರುತುಗಳು ಏಣಿಯಂತೆ ಒಂದರ ಮುಂದೊಂದು ಮೊಸಾಯಿಕ್‌ನಲ್ಲಿ ಉಳಿದಿವೆ. ಗುಡಿಗಳು ಗುಹೆಯಂಥ ಚಿಕ್ಕ ಕೋಣೆಗಳು, ಎರಡೂ ಬದಿ ಉದ್ದದ ಜಗಲಿ. ಒಟ್ಟಿಗೆ ಕುಳಿತು ಉಣ್ಣುವಷ್ಟು ಜನ ಮಾತ್ರ. ಮೆಟ್ಟಿಲುಗಳ ಹೆಸರು ಎಷ್ಟು ಬೇಗ ಕಣ್ಣಿಗೆ ಕಟ್ಟುತ್ತದೆ ನೋಡಿ. ‘ಪ್ರಥಮ ಶ್ರೇಣಿಯ ಸಾಧಕ’ ಎಂಬುದರಲ್ಲಿ ಆ ಕಸುವಿಲ್ಲ.

ರೋಮಿನ ವೆಸ್ಟಾ ದೇವಿಯ ಬೆಂಕಿ ಕಾಯುವ ಕನ್ಯೆಯರದು ಇನ್ನೊಂದು ಬಗೆ. ಆರರಿಂದ ಹತ್ತು ವರ್ಷದೊಳಗಿನ ಹುಡುಗಿಯರನ್ನು ಆರಿಸುತ್ತಿದ್ದರು, ಸೇವೆ 30 ವರ್ಷ: ಹತ್ತು ವರ್ಷ ಕಲಿಯುವುದು, ಹತ್ತು ವರ್ಷ ನಡೆಸುವುದು, ಹತ್ತು ವರ್ಷ ಕಲಿಸುವುದು. ನನಗೆ ಇದು ಏಣಿಗಿಂತ ಹೆಚ್ಚು ಹಿಡಿಸುತ್ತದೆ. ಮೇಲೇರುವ ಆಸೆಗೆ ಇಲ್ಲಿ ಜಾಗ ಕಡಿಮೆ, ವಯಸ್ಸಿಗೆ ಜಾಗ ಹೆಚ್ಚು.

ಎಳೆಯವರಲ್ಲಿ ಪರೀಕ್ಷೆಯಿಲ್ಲ, ಕೂದಲಿದೆ. ತಲೆಗೂದಲು ವರ್ಷಕ್ಕೆ ಸುಮಾರು 15 ಸೆಂಟಿಮೀಟರ್ ಬೆಳೆಯುತ್ತದೆ. ಸೇರುವ ದಿನ ಇದ್ದ ಕೂದಲನ್ನೆಲ್ಲ ಕೊಟ್ಟವರು ‘ಎಳೆ’. ಮತ್ತೆ ಒಂದು ಗೇಣು ಬೆಳೆಸಿ ಕೊಡಲು ಒಂದೂವರೆ ವರ್ಷ, ಕೊಟ್ಟವರು ‘ಹುರಿ’. ಆಮೇಲೆ ಒಂದು ಮೊಳ, ಅಂದರೆ ಮೂರು ವರ್ಷ, ಅವರು ‘ಹಗ್ಗ’. ಎಲ್ಲಕ್ಕೂ ಮೇಲಿನವರು ‘ಮಿಣಿ’. ಒಂದು ಮಾರಿಗೆ ಎಂಟು ಗೇಣಾದ್ದರಿಂದ ಮಿಣಿಗಳು ಎಂಟೇ ಜನ, ಒಬ್ಬರು ತೀರಿಕೊಂಡ ಮೇಲೆಯೇ ಇನ್ನೊಬ್ಬರು. ಹಣವಂತನ ಮಗನ ಕೂದಲೂ ಬೇಗ ಬೆಳೆಯುವುದಿಲ್ಲ. ಕಾಯಿಲೆಯಿಂದ ಕೂದಲು ಉದುರಿದವರ ಗತಿಯೇನು? ಬೋಳು ತಲೆಯವರು? ಇಂಥ ಪ್ರಶ್ನೆ ಎದ್ದಾಗ ನಿಯಮ ಬದಲಿಸಬೇಡಿ, ಅದಕ್ಕೆ ಪಂಥವೇ ಉತ್ತರ ಕಂಡುಕೊಳ್ಳಲಿ. ಇವರಲ್ಲಿ ಕೂದಲಿಲ್ಲದವರು ಬೇರೆಯವರ ಕೂದಲನ್ನು ಹೊಸೆಯುತ್ತಾರೆ. ಹಗ್ಗದಲ್ಲಿ ತಮ್ಮದೇನೂ ಇಲ್ಲದೆಯೂ ಎಲ್ಲರ ಎಳೆಯನ್ನೂ ಬೆರಳಿನಿಂದ ಗುರುತಿಸಬಲ್ಲವರು ಅವರು. ನನ್ನ ಕತೆಯ ಅತ್ಯಂತ ಪ್ರೀತಿಯ ಪಾತ್ರ ಹುಟ್ಟಿದ್ದು ಈ ಒಂದು ಸಂದಿಯಲ್ಲಿ.

ಆರನೆಯ ಹೆಜ್ಜೆ: ದೀಕ್ಷೆಯ ರಾತ್ರಿ

ಮಾನವಶಾಸ್ತ್ರಜ್ಞ ಅರ್ನಾಲ್ಡ್ ವಾನ್ ಗೆನೆಪ್ 1909ರಲ್ಲಿ ಮಂಡಿಸಿದ ವಿಚಾರವೊಂದು ಇಲ್ಲಿ ತುಂಬ ಉಪಯೋಗಕ್ಕೆ ಬರುತ್ತದೆ. ಮನುಷ್ಯ ಒಂದು ನೆಲೆಯಿಂದ ಇನ್ನೊಂದಕ್ಕೆ ದಾಟುವ ಆಚರಣೆಗಳಲ್ಲಿ ಮೂರು ಘಟ್ಟಗಳಿರುತ್ತವೆ: ಹಳೆಯದರಿಂದ ಬೇರ್ಪಡುವುದು, ಅಲ್ಲಿಯೂ ಅಲ್ಲದ ಇಲ್ಲಿಯೂ ಅಲ್ಲದ ಹೊಸ್ತಿಲ ಸ್ಥಿತಿ, ಹೊಸ ಗುಂಪಿಗೆ ಸೇರ್ಪಡೆ. ಬಹುತೇಕ ಫ್ಯಾಂಟಸಿ ದೀಕ್ಷೆಗಳು ಸೇರ್ಪಡೆಯನ್ನು ವೈಭವದಿಂದ ತೋರಿಸಿ ಹೊಸ್ತಿಲನ್ನು ಹಾರಿಬಿಡುತ್ತವೆ. ಓದುಗನಿಗೆ ಬೇಕಾದದ್ದು ಹೊಸ್ತಿಲು. ಹೆಸರಿಲ್ಲದ, ಸ್ಥಾನವಿಲ್ಲದ ಆ ಹೊತ್ತು.

ಪ್ರಾಚೀನ ಗ್ರೀಸಿನಲ್ಲಿ ಅಥೆನ್ಸ್ ಬಳಿಯ ಎಲ್ಯೂಸಿಸ್‌ನಲ್ಲಿ ನಡೆಯುತ್ತಿದ್ದ ರಹಸ್ಯ ವಿಧಿಗಳು ಇದಕ್ಕೆ ದೊಡ್ಡ ಪಾಠಶಾಲೆ. ದೀಕ್ಷೆ ಬಯಸಿದವರು ಉಪವಾಸವಿದ್ದು, ಸುಮಾರು 20 ಕಿಲೋಮೀಟರ್ ಮೆರವಣಿಗೆಯಲ್ಲಿ ನಡೆದು, ಬಾರ್ಲಿ ಬೆರೆಸಿದ ಪಾನೀಯ ಕುಡಿದು, ರಾತ್ರಿ ದೊಡ್ಡ ಸಭಾಂಗಣದೊಳಗೆ ಹೋಗುತ್ತಿದ್ದರು. ಒಳಗೆ ಹೇಳುವುದು, ಮಾಡುವುದು, ತೋರಿಸುವುದು ಎಂದು ಮೂರು ಭಾಗ. ನಿಮ್ಮ ವಿಧಿಯನ್ನೂ ಈ ಮೂರು ಪ್ರಶ್ನೆಗಳಿಂದ ಪರೀಕ್ಷಿಸಿ. ಹೇಳುವುದು ಒಂದೇ ಇದ್ದರೆ ಅದು ಭಾಷಣವಾಗುತ್ತದೆ.

ಎಳೆಯವರ ದೀಕ್ಷೆ ಹೀಗೆ ನಡೆಯುತ್ತದೆ. ಸೇರಲು ಬಂದವಳು ಮೂರು ದಿನ ಬಾವಿಕಟ್ಟೆಯ ಹೊರಗೆ ಕೂರುತ್ತಾಳೆ, ಯಾರೂ ಮಾತಾಡಿಸುವುದಿಲ್ಲ. ಮೂರನೆಯ ರಾತ್ರಿ ಒಬ್ಬ ಮುದುಕಿ ಬಂದು ಎದುರು ಕೂರುತ್ತಾಳೆ. ಅವಳ ಕೈಯಲ್ಲಿ ಇಕ್ಕಳ, ಇಕ್ಕಳದಲ್ಲಿ ಒಂದು ಕೆಂಡ. ಜಡೆಯನ್ನು ಎಡಗೈಗೆ ಸುತ್ತಿಕೊಂಡು ಬುಡದ ಹತ್ತಿರ ಕೆಂಡ ಹಿಡಿಯುತ್ತಾಳೆ. ಚುರ್ ಎನ್ನುವ ಸಣ್ಣ ಸದ್ದು, ಸುಟ್ಟ ಕೂದಲಿನ ಕಮಟು. ಜಡೆ ಒಮ್ಮೆಲೇ ಬರುವುದಿಲ್ಲ, ಒಂದೊಂದೇ ಎಳೆ ಸುರುಟಿಕೊಂಡು ಬಿಡುತ್ತದೆ. ಕತ್ತಿನ ಹಿಂದೆ ಶಾಖ ಏರುತ್ತದೆ. ಮುದುಕಿ ಆಗಾಗ ನಿಲ್ಲಿಸಿ ಒದ್ದೆ ಬೆರಳಿನಿಂದ ಚರ್ಮ ಮುಟ್ಟಿ ನೋಡುತ್ತಾಳೆ. ಕತ್ತರಿ ಯಾಕಿಲ್ಲ ಎಂದು ಹುಡುಗಿ ಕೇಳಿದರೆ ಸಿಗುವ ಉತ್ತರ ಇಷ್ಟೇ: ‘ಈ ಅಂಗಳದಲ್ಲಿ ಅಲಗು ಇಲ್ಲ ಮಗು.’

ಆಮೇಲೆ ಬಾವಿಯ ಬಾಯಿಗೆ ಬಗ್ಗಿ ಅವಳು ತನ್ನ ಹೆಸರನ್ನು ಕೂಗಬೇಕು. ಕೂಗು ಇಳಿಯುತ್ತದೆ, ಒಂದು ಕ್ಷಣ ಏನೂ ಇಲ್ಲ, ಆಮೇಲೆ ಅದೇ ಹೆಸರು ಬೇರೆ ಯಾರೋ ಕರೆದಂತೆ ಮೇಲೆ ಬರುತ್ತದೆ. ಅಲ್ಲಿಂದ ಮುಂದೆ ಯಾರೂ ಅವಳನ್ನು ಆ ಹೆಸರಿನಿಂದ ಕರೆಯುವುದಿಲ್ಲ, ಅದು ಕೆಳಗೆ ಇರುತ್ತದೆ. ನಂತರ ಅವಳನ್ನು ಹಗ್ಗಕ್ಕೆ ಕಟ್ಟಿ ಇಳಿಸುತ್ತಾರೆ. ಹಗ್ಗದಲ್ಲಿ ಎಂಟು ಗೇಣಿಗೊಂದು ಗಂಟು. ಕತ್ತಲಲ್ಲಿ ಅವಳಿಗೆ ಇರುವ ಕೆಲಸ ಮೇಲೆ ರಾಟೆಗೆ ಗಂಟು ತಾಗಿದ ಸದ್ದನ್ನು ಎಣಿಸುವುದು. ಅರವತ್ತು ಎಣಿಸಿದಾಗ ಕಾಲಿಗೆ ನೀರು ತಾಗುತ್ತದೆ. ಮೇಲೆ ದುಂಡಗಿನ ಆಕಾಶ ಒಂದು ಕಾಳಿನಷ್ಟಾಗಿರುತ್ತದೆ. ಅಲ್ಲಿ ಅವಳು ಬೊಗಸೆಯಿಂದ ಕೊಡ ತುಂಬಿಸಬೇಕು, ಮೊದಲು ಕೊಡ ಮೇಲೆ ಹೋಗುತ್ತದೆ. ಅವಳು ಕಾಯುತ್ತಾಳೆ. ಎಷ್ಟು ಹೊತ್ತು ಎಂದು ಯಾರೂ ಮೊದಲೇ ಹೇಳಿರುವುದಿಲ್ಲ.

ನೋವು, ಅವಮಾನ, ಭಯ ದಾಟಿ ಬಂದವರಿಗೆ ಗುಂಪಿನ ಮೇಲೆ ಪ್ರೀತಿ ಹೆಚ್ಚು. ಮನೋವಿಜ್ಞಾನಿಗಳಾದ ಎಲಿಯಟ್ ಅರಾನ್ಸನ್ ಮತ್ತು ಜಡ್ಸನ್ ಮಿಲ್ಸ್ 1959ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಚರ್ಚಾಗುಂಪಿಗೆ ಸೇರಲು ಹೆಚ್ಚು ಮುಜುಗರ ಅನುಭವಿಸಬೇಕಾಗಿ ಬಂದ ವಿದ್ಯಾರ್ಥಿನಿಯರು, ತೀರಾ ನೀರಸವಾದ ಆ ಚರ್ಚೆಯನ್ನೇ ಉಳಿದವರಿಗಿಂತ ಹೆಚ್ಚು ಮೆಚ್ಚಿದರು. ಇದನ್ನು ಬಳಸುವಾಗ ಒಂದು ಎಚ್ಚರ ಬೇಕು. ಕ್ರೌರ್ಯಕ್ಕಾಗಿ ಕ್ರೌರ್ಯವಿರುವ ದೀಕ್ಷೆ ಓದುಗನನ್ನು ಹೊರಗೆ ನಿಲ್ಲಿಸುತ್ತದೆ. ಚರ್ಮ ಮುಟ್ಟಿ ನೋಡುವ ಒದ್ದೆ ಬೆರಳೊಂದು ಇದ್ದರೆ ಓದುಗ ಒಳಗೆ ಬರುತ್ತಾನೆ.

ಏಳನೆಯ ಹೆಜ್ಜೆ: ದಿನದ ಕೆಲಸ, ವರ್ಷದ ಕೆಲಸ

ಮಾನವಶಾಸ್ತ್ರಜ್ಞ ಹಾರ್ವಿ ವೈಟ್‌ಹೌಸ್ ಧಾರ್ಮಿಕ ವಿಧಿಗಳಲ್ಲಿ ಎರಡು ಬಗೆ ಗುರುತಿಸುತ್ತಾರೆ: ಅಪರೂಪಕ್ಕೆ ನಡೆದು ಮನಸ್ಸನ್ನು ಅಲುಗಿಸುವಂಥವು, ಪದೇ ಪದೇ ನಡೆದು ಅಭ್ಯಾಸವಾಗಿ ಇಳಿಯುವಂಥವು. ದೀಕ್ಷೆ ಮೊದಲನೆಯದು. ಎರಡನೆಯದನ್ನು ಬರಹಗಾರರು ಮರೆಯುತ್ತಾರೆ. ಎಳೆಯವರು ಪ್ರತಿ ಬೆಳಗ್ಗೆ ಸೇದಿದ ಮೊದಲ ಕೊಡವನ್ನು ಬಾವಿಗೇ ಸುರಿಯುತ್ತಾರೆ, ಹಗ್ಗವನ್ನು ತುದಿಯಿಂದ ತುದಿಗೆ ಬೆರಳಾಡಿಸಿ ಸವೆದ ಜಾಗ ಹುಡುಕುತ್ತಾರೆ. ಅಷ್ಟು ಸಾಕು. ವರ್ಷಕ್ಕೊಮ್ಮೆ ಹೊಸ ಗೇಣನ್ನು ಜೋಡಿಸುವ ಹಬ್ಬ.

ಮೆವ್ಲೆವಿ ಸೂಫಿಗಳನ್ನು ಜಗತ್ತು ಬಲ್ಲುದು ಸುತ್ತುವ ನೃತ್ಯದಿಂದ. ಆದರೆ ಹೊಸಬರು ಮೊದಲು ದುಡಿಯಬೇಕಾಗಿದ್ದದ್ದು ಮಠದ ಅಡುಗೆಮನೆಯಲ್ಲಿ, ಸೇವೆಯ ಅವಧಿ 1001 ದಿನ. ನಿಮ್ಮ ಪಂಥದ 1001 ದಿನ ಯಾವುದು ಎಂದು ತಿಳಿಯದೆ ಅದರ ನೃತ್ಯವನ್ನು ಬರೆಯಬೇಡಿ.

ಎಂಟನೆಯ ಹೆಜ್ಜೆ: ಗುಟ್ಟು

ಕ್ರಿಸ್ತಪೂರ್ವ 415ರಲ್ಲಿ ಅಥೆನ್ಸಿನ ಸೇನಾನಿ ಅಲ್ಸಿಬಿಯಾಡೀಸ್ ಮೇಲೆ ಎಲ್ಯೂಸಿಸ್‌ನ ವಿಧಿಗಳನ್ನು ಮನೆಯೊಂದರಲ್ಲಿ ಅಣಕವಾಡಿದ ಆರೋಪ ಬಂತು. ಅವನ ಗೈರುಹಾಜರಿಯಲ್ಲೇ ಮರಣದಂಡನೆ ವಿಧಿಸಿ ಆಸ್ತಿ ಮುಟ್ಟುಗೋಲು ಹಾಕಿದರು. ಅಷ್ಟು ಬಿಗಿ. ಆದರೆ ನನ್ನನ್ನು ಹೆಚ್ಚು ಕಾಡುವ ಸಂಗತಿ ಬೇರೆ: ಶತಮಾನಗಳ ಕಾಲ ಗಂಡಸರು, ಹೆಂಗಸರು, ಗುಲಾಮರು ಸೇರಿ ಅಸಂಖ್ಯ ಜನ ಆ ಸಭಾಂಗಣದೊಳಗೆ ಹೋಗಿ ಬಂದರು, ಕೊನೆಗೆ ಅಲ್ಲಿ ತೋರಿಸುತ್ತಿದ್ದದ್ದೇನು ಎಂಬುದು ಇಂದಿಗೂ ಚರ್ಚೆಯ ವಿಷಯ. ಶಿಕ್ಷೆಯ ಭಯವೊಂದೇ ಇದನ್ನು ಮಾಡಲಾರದು. ಕೇಳಿದವರಿಗೆ ಅರ್ಥವಾಗದ, ಕಂಡವರಿಗೆ ಮಾತ್ರ ದಕ್ಕುವ ಗುಟ್ಟು ತನ್ನನ್ನು ತಾನೇ ಕಾಯ್ದುಕೊಳ್ಳುತ್ತದೆ.

ಕಾದಂಬರಿಯಲ್ಲಿ ಗುಟ್ಟಿಗೆ ಇನ್ನೂ ಒಂದು ಕರ್ತವ್ಯವಿದೆ. ಅದು ಹೊರಬಿದ್ದಾಗ ಓದುಗ ಅಷ್ಟರವರೆಗೆ ಕಂಡ ಪ್ರತಿ ವಿಧಿಯ ಅರ್ಥವೂ ಬದಲಾಗಬೇಕು. ಮೂಲೆಯಲ್ಲೆಲ್ಲೋ ಹೂತಿಟ್ಟ ಹೊಸ ಮಾಹಿತಿ ಗುಟ್ಟಾಗುವುದಿಲ್ಲ.

ಈಗ ಮೊದಲ ಪುಟಕ್ಕೆ ಮರಳೋಣ. ಹಗ್ಗ ಹರಿಯಿತು ಎಂದು ಊರು ಹೇಳುತ್ತದೆ. ನಡೆದದ್ದು ಹೀಗೆ: ಕೊಡ ಮೇಲೆ ಬಂದ ಮೇಲೆ ಹುಡುಗಿಯನ್ನು ಸೇದುವಾಗ ಒದ್ದೆ ಕಟ್ಟೆಯ ಮೇಲೆ ಮುಂದಿದ್ದವರ ಕಾಲು ಜಾರಿತು. ಇಬ್ಬರು ಬಾವಿಯ ಬಾಯಿಗೆ ಎಳೆದುಹೋಗುತ್ತಿದ್ದರು. ಹಿಂದಿದ್ದ ಹೆಂಗಸು ಸೊಂಟದ ಕತ್ತಿ ತೆಗೆದು ಹಗ್ಗ ಕೊಯ್ದಳು. ಇಬ್ಬರು ಉಳಿದರು. ಮರುದಿನ ಅದೇ ಹೆಂಗಸು ತನ್ನ ಜಡೆಯನ್ನು ಕೆಂಡದಲ್ಲಿ ಸುಟ್ಟು ಬಿಡಿಸಿ, ಹಗ್ಗದ ಕೊಯ್ದ ತುದಿಗೆ ಸೇರಿಸಿ ಹೊಸೆಯಲು ಕುಳಿತಳು. ಪಂಥ ಪೂಜಿಸುವ ಮೂಲತಾಯಿ ಅವಳೇ. ಎಂಟು ಮಿಣಿಗಳಿಗೆ ಮಾತ್ರ ಇದು ಗೊತ್ತು.

ಅಲಗಿಲ್ಲದ ಅಂಗಳ, ಕೆಳಗೆ ಕೂಗಿ ಬಿಟ್ಟ ಹೆಸರು, ಬಾವಿಗೆ ಮರಳುವ ಮೊದಲ ಕೊಡ, ಎಪ್ಪತ್ತರ ಮುದುಕಿಯ ಎಳೆತನ. ಹೊಳೆಯ ಪೂಜೆಯಂತೆ ಕಂಡ ಇವೆಲ್ಲವೂ ಒಬ್ಬಳು ಹುಡುಗಿಯ ಕ್ಷಮೆ ಕೇಳುವ ಬಗೆಗಳಾಗಿ ತಿರುಗುತ್ತವೆ. ನಿಮ್ಮ ಪಂಥದಲ್ಲಿ ಇಂಥ ಮೂರು ವಿವರಗಳಾದರೂ ಗುಟ್ಟಿಗೆ ಮೊದಲೇ ಎದುರಿಗೆ ಬಂದಿರಲಿ. ಪ್ರತಿಯೊಂದಕ್ಕೂ ಹೊರನೋಟಕ್ಕೆ ಒಪ್ಪುವ ಬೇರೆ ಕಾರಣವೂ ಇರಲಿ.

ಒಂಬತ್ತನೆಯ ಹೆಜ್ಜೆ: ಒಡಕು

1954ರ ಡಿಸೆಂಬರ್ 21ರಂದು ಮಹಾಪ್ರಳಯವಾಗುತ್ತದೆ ಎಂದು ಅಮೆರಿಕದಲ್ಲಿ ಒಂದು ಚಿಕ್ಕ ಗುಂಪು ನಂಬಿತ್ತು. ಮನೋವಿಜ್ಞಾನಿ ಲಿಯಾನ್ ಫೆಸ್ಟಿಂಗರ್ ಮತ್ತು ಸಂಗಡಿಗರು ಅದರೊಳಗೆ ಸೇರಿ ಗಮನಿಸುತ್ತಿದ್ದರು. ಪ್ರಳಯ ಬರಲಿಲ್ಲ. ತಮ್ಮ ನಂಬಿಕೆಯಿಂದಲೇ ಜಗತ್ತು ಉಳಿಯಿತು ಎಂದು ಗುಂಪಿನವರು ತಿಳಿದರು, ಅಲ್ಲಿಯವರೆಗೆ ಪ್ರಚಾರ ಬೇಡವೆಂದಿದ್ದವರು ಪತ್ರಿಕೆಗಳಿಗೆ ಕರೆಮಾಡತೊಡಗಿದರು. ನಂಬಿಕೆ ಮುರಿಯುವ ಜಾಗದಲ್ಲೇ ಇನ್ನಷ್ಟು ಗಟ್ಟಿಯಾಗಬಹುದು, ಅಥವಾ ಎರಡಾಗಿ ಸೀಳಬಹುದು.

ಹಾಗಾಗಿ ಪಂಥ ಕಟ್ಟಿದ ಮೇಲೆ ಅದಕ್ಕೆ ಸಹಿಸಲಾಗದ ಒಂದು ಸತ್ಯವನ್ನು ಎದುರಿಗಿಡಿ. ಒಣಹೊಳೆಗೆ ಬಂದ ಹೊರಗಿನವನೊಬ್ಬ ಊರಾಚೆ ಗುಂಡಿ ತೋಡುತ್ತಾನೆ, ಹತ್ತೇ ಮಾರಿಗೆ ನೀರು ಸಿಗುತ್ತದೆ. 320 ವರ್ಷ, 60 ಮಾರು ಹಗ್ಗ, ಅಷ್ಟು ಜನರ ಕೂದಲು. ಎಳೆಗಳಲ್ಲಿ ಅರ್ಧ ಜನ ಅಂದೇ ಹೊರಟು ಹೋಗಬಹುದು. ಆದರೆ ಮಿಣಿಗಳು ಕದಲುವುದಿಲ್ಲ, ಅವರು ಇಳಿಯುತ್ತಿದ್ದದ್ದು ನೀರಿಗಾಗಿ ಅಲ್ಲ. ನಡುವೆ ಸಿಕ್ಕಿದವರು ಹಗ್ಗದ ದರ್ಜೆಯವರು: ಹತ್ತಿರದ ನೀರನ್ನು ಬಿಟ್ಟು ಯಾಕೆ ಉಳಿಯಬೇಕೆಂದು ಅವರಿಗೆ ಯಾರೂ ಹೇಳಿಲ್ಲ. ಅಂದಿನ ಸಭೆಯಲ್ಲಿ ಎದುರುಹುರಿಯ ಸರದಿ ಯಾರದು? ನಾಟಕ ಅಲ್ಲಿಂದ ಶುರುವಾಗುತ್ತದೆ.

ಕೊನೆಯ ಹೆಜ್ಜೆ: ಕತೆಯೊಳಗೆ ಇಳಿಸುವುದು

ಬರೆದಿಟ್ಟ ಟಿಪ್ಪಣಿಯಲ್ಲಿ ಮೂರರಲ್ಲಿ ಎರಡು ಪಾಲು ಕತೆಗೆ ಬರಬಾರದು. ಗೇಣು ಮಾರುಗಳ ಲೆಕ್ಕ, ಶಬ್ದದ ವೇಗ, ಸದಸ್ಯರ ಪಟ್ಟಿ ನಿಮ್ಮ ಬಳಿಯೇ ಇರಲಿ. ‘ನಮ್ಮ ಪಂಥದಲ್ಲಿ ಅಲಗನ್ನು ಬಳಸುವುದಿಲ್ಲ, ಯಾಕೆಂದರೆ’ ಎಂದು ಒಳಗಿನವರು ಒಳಗಿನವರಿಗೆ ವಿವರಿಸುವ ಸಂಭಾಷಣೆ ಕಂಡಲ್ಲಿ ಅಳಿಸಿಬಿಡಿ. ಅದರ ಬದಲು ಅಡುಗೆಮನೆಗೆ ಹೋಗಿ. ಅಲಗಿಲ್ಲದವರು ಸೊಪ್ಪನ್ನು ಕೈಯಿಂದ ಮುರಿಯುತ್ತಾರೆ, ಕುಂಬಳಕಾಯಿಯನ್ನು ಕಲ್ಲಿಗೆ ಕುಕ್ಕಿ ಒಡೆಯುತ್ತಾರೆ. ಒಬ್ಬ ಅತಿಥಿ ಗೊತ್ತಿಲ್ಲದೆ ಚೀಲದಿಂದ ಚಾಕು ತೆಗೆದಾಗ ಇಡೀ ಪಂಕ್ತಿಯ ಕೈ ತಟ್ಟೆಯಲ್ಲೇ ನಿಲ್ಲುತ್ತದೆ. ಓದುಗನಿಗೆ ಆಗ ಪ್ರಶ್ನೆ ಹುಟ್ಟುತ್ತದೆ, ಪ್ರಶ್ನೆ ಹುಟ್ಟಿದವನು ಪುಟ ತಿರುಗಿಸುತ್ತಾನೆ.

ಹಸ್ತಪ್ರತಿ ಮುಗಿಸುವ ಮೊದಲು ವಿಧಿ ಕೆಟ್ಟುಹೋಗುವ ಒಂದು ದಿನವನ್ನು ತಪ್ಪದೆ ಬರೆಯಿರಿ. ಸರಿಯಾಗಿ ನಡೆಯುವ ವಿಧಿ ಚಿತ್ರಪಟದಂತೆ, ಕೆಟ್ಟಾಗ ಮಾತ್ರ ಯಾರು ಯಾವುದನ್ನು ನಂಬಿದ್ದರು ಎಂದು ತಿಳಿಯುತ್ತದೆ. ನಾನು ಆರಿಸಿದ ದಿನ ಇದು: ಒಣಹೊಳೆಯಲ್ಲಿ ಯಾರ ನೆನಪಿನಲ್ಲೂ ಇಲ್ಲದಂಥ ಮಳೆ ಬರುತ್ತದೆ. ಅಂಗಳದಲ್ಲಿ ಸುರುಳಿ ಸುತ್ತಿಟ್ಟ ಹಗ್ಗ ಪೂರ್ತಿ ನೆನೆಯುತ್ತದೆ. ನಾರಿನ ಹಗ್ಗ ನೀರು ಕುಡಿದಾಗ ಉಬ್ಬುತ್ತದೆ, ಉಬ್ಬಿದಷ್ಟು ಗಿಡ್ಡವಾಗುತ್ತದೆ. ಬೆಳಗ್ಗೆ ಕೂದಲಿಲ್ಲದ ಮುದುಕ ಎಂದಿನಂತೆ ಬೆರಳಾಡಿಸುತ್ತಾನೆ. ಗಂಟುಗಳು ಅರವತ್ತೇ ಇವೆ. ಕೊಡ ಇಳಿಯುತ್ತದೆ, ಅರವತ್ತನೆಯ ಗಂಟು ರಾಟೆಗೆ ತಾಗುತ್ತದೆ, ಕೊಡ ನೀರನ್ನು ಮುಟ್ಟಿಲ್ಲ. ಹನ್ನೆರಡು ಜನ ರಾಟೆ ಹಿಡಿದು ನಿಂತಿದ್ದಾರೆ, ಮೈಮೇಲೆ ಮಳೆ ಸುರಿಯುತ್ತಿದೆ. ಸಾಲಿನ ಕೊನೆಯಲ್ಲಿ ಎಲ್ಲರಿಗಿಂತ ಹಗುರಾದ ಹೊಸ ಹುಡುಗಿ ಕೇಳದೆಯೇ ಮುಂದೆ ಬಂದು, ಸೊಂಟಕ್ಕೆ ಕಟ್ಟಲು ಕೈ ಎತ್ತಿ ನಿಲ್ಲುತ್ತಾಳೆ. ಮುದುಕ ಹಗ್ಗದ ತುದಿಯನ್ನು ಹಿಡಿದಿದ್ದಾನೆ, ಕಟ್ಟುತ್ತಿಲ್ಲ.